ಕೊನೆಯಲ್ಲಿ ಒಂದೇ ಮಾತು ಆಡುವ ಆ ಹುಡುಗಿ ಯಾರು?

ತುಂಗಾತೀರ

ಎಲ್ಲರಿಗೂ ನಮಸ್ಕಾರ. ಕಳೆದ ಭಾನುವಾರ ಅಪ್ಪನ ಜೊತೆ ಕೂತು ಇಂಗ್ಮಾರ್ ಬರ್ಗ್‌ಮನ್ ಅವರ ಸ್ವೀಡಿಷ್ ಸಿನಿಮಾ 'ದಿ ಸೆವೆಂತ್ ಸೀಲ್' ನೋಡಿದೆ. ಅಪ್ಪ ರಿಟೈರ್ ಆದ ಮೇಲೆ ನಾವಿಬ್ಬರೂ ವಾರಕ್ಕೊಂದು ಹಳೇ ಸಿನಿಮಾ ನೋಡುತ್ತೇವೆ. ಒಬ್ಬ ಯೋಧ ಸಾವಿನ ಜೊತೆ ಚೆಸ್ ಆಡುವ ಸೀನ್ ಬಗ್ಗೆ ಎಲ್ಲರೂ ಹೇಳಿದ್ದರು. ಅದಕ್ಕೇ ಕಾಯುತ್ತಾ ಕೂತಿದ್ದೆ. ಆದರೆ ನನ್ನ ಕಣ್ಣು ಹೋಗಿದ್ದು ಬೇರೆ ಕಡೆ.

ಪ್ಲೇಗಿಗೆ ಖಾಲಿಯಾದ ಹಳ್ಳಿಯಲ್ಲಿ ಒಬ್ಬ ಹುಡುಗಿ ಸಿಗುತ್ತಾಳೆ. ಸತ್ತವರ ಮೈಮೇಲಿನ ಒಡವೆ ಕದಿಯುತ್ತಿದ್ದ ರಾವಲ್ ಅನ್ನುವವನ ಕೈಯಿಂದ ಆ ಯೋಧನ ಸೇವಕ ಯೋನ್ಸ್ ಅವಳನ್ನು ಉಳಿಸುತ್ತಾನೆ. ಅಲ್ಲಿಂದ ಮುಂದೆ ಸಿನಿಮಾ ಪೂರ್ತಿ ಅವಳು ಇವರ ಹಿಂದೆ ನಡೆಯುತ್ತಾಳೆ. ಒಂದು ಮಾತೂ ಇಲ್ಲ. ಅದೇ ರಾವಲ್ ಪ್ಲೇಗ್ ಬಂದು ನೀರು ನೀರು ಅಂತ ಒದ್ದಾಡುವಾಗ ನೀರು ತಗೊಂಡು ಓಡಲು ಹೋಗುವವಳೂ ಅವಳೇ. ಯೋನ್ಸ್ ತಡೆಯುತ್ತಾನೆ. ಕೊನೆಗೆ ಸಾವು ಕೋಟೆಯೊಳಗೆ ಬಂದು ನಿಂತಾಗ ಒಬ್ಬೊಬ್ಬರೂ ಒಂದೊಂದು ಮಾತಾಡುತ್ತಾರೆ. ಇವಳು ಮಂಡಿಯೂರುತ್ತಾಳೆ. ಕಣ್ಣು ತುಂಬಿದೆ, ಆದರೆ ಮುಖದಲ್ಲಿ ಹೆದರಿಕೆ ಇಲ್ಲ. 'ಮುಗಿಯಿತು' ಅನ್ನುವ ಒಂದೇ ಮಾತು ಹೇಳುತ್ತಾಳೆ.

ಅಷ್ಟಕ್ಕೇ ನಮ್ಮ ಮನೆಯಲ್ಲಿ ಕರೆಂಟ್ ಹೋಯಿತು. ಹತ್ತು ನಿಮಿಷ ಕತ್ತಲಲ್ಲಿ ಕೂತಿದ್ದೆವು. ಅಪ್ಪ ಕತ್ತಲಲ್ಲೇ ಕೇಳಿದರು, 'ಆ ಹುಡುಗಿ ಯಾರು ಪುಟ್ಟಿ?'

ಹೆಸರು ಗುನ್ನೆಲ್ ಲಿಂಡ್‌ಬ್ಲಾಮ್ ಅಂತ ಗೊತ್ತಾಯಿತು. ಹುಡುಕಿದರೆ ಎಲ್ಲ ಕಡೆ 'ಬರ್ಗ್‌ಮನ್ ಚಿತ್ರಗಳ ಪೋಷಕ ನಟಿ' ಅಂತ ಒಂದೇ ಸಾಲು. ಅಷ್ಟೇನಾ? ಬಲ್ಲವರು ಹೇಳಿ.

ಹಳೇರೀಲು

ಒಳ್ಳೇ ಪ್ರಶ್ನೆ. ನನಗೆ ತುಂಬ ಇಷ್ಟದ ನಟಿ, ಹಾಗಾಗಿ ಸ್ವಲ್ಪ ಉದ್ದ ಬರೆಯುತ್ತೇನೆ.

ಹುಟ್ಟಿದ್ದು 1931ರಲ್ಲಿ, ಗೋಥೆನ್‌ಬರ್ಗ್‌ನಲ್ಲಿ. ಅಲ್ಲಿನ ಸಿಟಿ ಥಿಯೇಟರಿನ ಶಾಲೆಯಲ್ಲಿ ನಟನೆ ಕಲಿತರು. ಆಮೇಲೆ ಮಾಲ್ಮೊ ಸಿಟಿ ಥಿಯೇಟರ್ ಸೇರಿದರು. ಆಗ ಅಲ್ಲಿ ನಾಟಕ ಮಾಡಿಸುತ್ತಿದ್ದವರು ಇಂಗ್ಮಾರ್ ಬರ್ಗ್‌ಮನ್. ಚಳಿಗಾಲ ಪೂರ್ತಿ ನಾಟಕ, ಬೇಸಿಗೆ ಬಂದರೆ ಅದೇ ತಂಡ ಕಟ್ಟಿಕೊಂಡು ಸಿನಿಮಾ. ಮ್ಯಾಕ್ಸ್ ವಾನ್ ಸಿಡೋ, ಬೀಬಿ ಆಂಡರ್ಸನ್, ಇಂಗ್ರಿಡ್ ಥುಲಿನ್ ಎಲ್ಲರೂ ಆ ಮಾಲ್ಮೊ ತಂಡದವರೇ. ಸಿನಿಮಾದಲ್ಲಿ ಮಾತಿಲ್ಲದ ಹುಡುಗಿಯಾಗಿದ್ದ 1957ರಲ್ಲೇ ಗುನ್ನೆಲ್ ಮಾಲ್ಮೊ ರಂಗದ ಮೇಲೆ ಇಬ್ಸೆನ್ನನ 'ಪೇರ್ ಗಿಂಟ್'ನ ಸೋಲ್ವೈ ಆಗಿದ್ದರು. ಮರುವರ್ಷ ಗಯಟೆಯ 'ಫೌಸ್ಟ್'ನಲ್ಲಿ ಮಾರ್ಗರೆಟ್. ಎದುರಿಗೆ ಫೌಸ್ಟ್ ಆಗಿ ಸಿಡೋ. ಆ ನಾಟಕ ಲಂಡನ್ನಿಗೂ ಹೋಯಿತು.

ಅಂದರೆ ರಂಗದ ಮೇಲೆ ನಾಯಕಿ, ಪರದೆ ಮೇಲೆ ಹಿಂದೆ ನಿಲ್ಲುವವಳು. ಎರಡನ್ನೂ ಒಂದೇ ವರ್ಷದಲ್ಲಿ ಮಾಡಿದವರು. 'ಪೋಷಕ ನಟಿ' ಅನ್ನುವ ಒಂದು ಪದದಲ್ಲಿ ಇದು ಹಿಡಿಯುವುದಿಲ್ಲ.

ಸ್ಟಾಕ್‌ಹೋಮಿನಿಂದ

ಒಂದು ಸಣ್ಣ ತಿದ್ದುಪಡಿ ತುಂಗಾತೀರ ಅವರೇ. ಲಿಂಡ್‌ಬ್ಲಾಮ್ ಅಲ್ಲ, 'ಲಿಂಡ್‌ಬ್ಲುಮ್'. ಇಲ್ಲಿ ಆ 'ಒ' ಅಕ್ಷರವನ್ನು 'ಉ' ಥರ ಹೇಳುತ್ತಾರೆ. ಲಿಂಡ್ ಅಂದರೆ ಒಂದು ಜಾತಿಯ ಮರ, ಬ್ಲುಮ್ ಅಂದರೆ ಹೂವು. ನಾನು ಬಂದ ಹೊಸದರಲ್ಲಿ ಎಲ್ಲರ ಹೆಸರೂ ತಪ್ಪು ಹೇಳುತ್ತಿದ್ದೆ, ಯಾರೂ ಬೇಜಾರು ಮಾಡಿಕೊಂಡಿಲ್ಲ.

ಖಾರಾಬಾತ್

ಎಲ್ಲರೂ ಒಂದೇ ಕಡೆ ವಾಲುತ್ತಿದ್ದೀರಿ, ಅದಕ್ಕೆ ಹೇಳುತ್ತೇನೆ. ಆ ಹುಡುಗಿಯ ಪಾತ್ರದಲ್ಲಿ ಯಾರಿದ್ದರೂ ಹಾಗೇ ಕಾಣುತ್ತಿದ್ದರು. ಮಾತಿಲ್ಲ, ಸುಮ್ನೆ ನಿಲ್ಲಬೇಕು. ಅಂಥ ಮುಖವನ್ನು ಕಪ್ಪು ಬಿಳುಪಿನಲ್ಲಿ ಹತ್ತಿರದಿಂದ ತೋರಿಸಿದರೆ ನಮಗೆ ಏನೋ ಆಳ ಇದೆ ಅನ್ನಿಸುತ್ತದೆ. ಅದು ಸ್ವೆನ್ ನೀಕ್ವಿಸ್ಟ್ ಕ್ಯಾಮೆರಾದ ಕೆಲಸ, ನಟಿಯದಲ್ಲ.

ಹಳೇರೀಲು

'ಸೆವೆಂತ್ ಸೀಲ್'ಗೆ ಕ್ಯಾಮೆರಾ ನೀಕ್ವಿಸ್ಟ್ ಅಲ್ಲ, ಗುನ್ನಾರ್ ಫಿಷರ್. ನೀಕ್ವಿಸ್ಟ್ ಕೆಲಸ ನೋಡಬೇಕಾದರೆ 'ದಿ ವರ್ಜಿನ್ ಸ್ಪ್ರಿಂಗ್', 'ವಿಂಟರ್ ಲೈಟ್', 'ದಿ ಸೈಲೆನ್ಸ್' ನೋಡಿ. ಮೂರರಲ್ಲೂ ಗುನ್ನೆಲ್ ಇದ್ದಾರೆ.

ಖಾರಾಬಾತ್

ಸರಿ, ಫಿಷರ್ ಅಂತ ತಿದ್ದಿಕೊಳ್ಳುತ್ತೇನೆ. ಮಾತು ಮಾತ್ರ ಅದೇ. ಬೆಳಕು ಸರಿಯಾಗಿ ಬಿದ್ದರೆ ಮುಖ ತಾನಾಗೇ ಮಾತಾಡುತ್ತದೆ.

ಬಣ್ಣದಮನೆ

ಇಲ್ಲ ಸರ್, ಇದನ್ನು ಒಪ್ಪುವುದಿಲ್ಲ. ನಾನು ಹದಿನೆಂಟು ವರ್ಷ ಹವ್ಯಾಸಿ ತಂಡಗಳಲ್ಲಿ ನಾಟಕ ಮಾಡಿದ್ದೇನೆ. ಒಮ್ಮೆ ಪೂರ್ತಿ ಒಂದೂವರೆ ಗಂಟೆ ರಂಗದ ಮೇಲಿದ್ದು ಒಂದೂ ಮಾತಿಲ್ಲದ ಪಾತ್ರ ಸಿಕ್ಕಿತ್ತು. ಸೊಸೆಯ ಪಾತ್ರ. ಉಳಿದವರು ಜಗಳ ಆಡುತ್ತಾರೆ, ನಾನು ಅವರೆಕಾಯಿ ಬಿಡಿಸುತ್ತಾ ಕೂತಿರಬೇಕು. ಮೊದಲ ಪ್ರಯೋಗದಲ್ಲಿ ಕಾಳು ಬಿಡಿಸುವುದು ಮಾತ್ರ ಮಾಡಿದೆ. ಮುಗಿದ ಮೇಲೆ ಒಬ್ಬರು ಹಿರಿಯ ನಟಿ ಬಂದು ಹೇಳಿದರು, 'ನಿನ್ನ ಕೈ ಕೆಲಸ ಮಾಡ್ತಿತ್ತು ಕಣೇ, ಕಿವಿ ಎಲ್ಲಿತ್ತು?' ಅವತ್ತಿಂದ ಕೇಳಿಸಿಕೊಳ್ಳುವುದನ್ನು ಕಲಿತೆ. ಅತ್ತೆ ಒಂದು ಮಾತು ಅಂದಾಗ ಸಿಪ್ಪೆ ಸುಲಿಯುವ ಬೆರಳು ಅರ್ಧಕ್ಕೆ ನಿಲ್ಲುತ್ತದಲ್ಲ, ಅದನ್ನು ಕಲಿಯಲು ನನಗೆ ಹನ್ನೊಂದು ಪ್ರಯೋಗ ಬೇಕಾಯಿತು.

ಆ ಹುಡುಗಿಯನ್ನು ಇನ್ನೊಮ್ಮೆ ನೋಡಿ. ರಾವಲ್ ನೀರಿಗಾಗಿ ಕೂಗುವಾಗ ಉಳಿದವರೆಲ್ಲ ಹೆಪ್ಪುಗಟ್ಟಿದ ಹಾಗೆ ನಿಂತಿದ್ದಾರೆ. ಇವಳ ಮೈ ಮೊದಲೇ ಮುಂದಕ್ಕೆ ಹೊರಟಿರುತ್ತದೆ. ತನ್ನನ್ನು ಕೆಡಿಸಲು ಬಂದವನು ಅವನು. ಅವನಿಗೇ ನೀರು. ಅದನ್ನು ಬೆಳಕು ಮಾಡಿಕೊಡುವುದಿಲ್ಲ.

ಇನ್ನೊಂದು ವಿಷಯ. ಆ ನಾಟಕದ ಪೋಸ್ಟರಿನಲ್ಲಿ ನನ್ನ ಹೆಸರು ಹಾಕಿರಲಿಲ್ಲ. 'ಡೈಲಾಗ್ ಇಲ್ವಲ್ಲ' ಅಂದರು. ಅದಕ್ಕೇ ಈ ವಿಷಯ ಬಂದರೆ ನನಗೆ ಸುಮ್ಮನಿರಲು ಆಗುವುದಿಲ್ಲ.

ಮಲ್ಲಿಗೆಹಂಬು

ಅಕ್ಕ, ಆ ಬೆರಳು ಅರ್ಧಕ್ಕೆ ನಿಲ್ಲುವ ವಿಷಯ ಓದಿ ಮೈ ಜುಮ್ ಅಂತು.

ನೇತ್ರಾವತಿ

ಆ ಕೊನೆಯ ಮಾತಿನ ಬಗ್ಗೆ ಒಂದು ವಿಷಯ. ಅದು ಸುಮ್ಮನೆ 'ಮುಗಿಯಿತು' ಅಲ್ಲ. ಸ್ವೀಡಿಷ್‌ನಲ್ಲಿ 'ದೆ ಎ ಫುಲ್‌ಬೂರ್ದಾತ್' ಅನ್ನುತ್ತಾಳೆ. ಅದು ಯೋಹಾನನ ಸುವಾರ್ತೆಯಲ್ಲಿ ಯೇಸು ಶಿಲುಬೆಯ ಮೇಲೆ ಕೊನೆಗೆ ಆಡುವ ಮಾತು. ನಮ್ಮ ಕನ್ನಡ ಬೈಬಲಿನಲ್ಲಿ 'ತೀರಿತು' ಅಂತಿದೆ. ನಾನು ಚಿಕ್ಕಂದಿನಲ್ಲಿ ಶುಭ ಶುಕ್ರವಾರದ ಪ್ರಾರ್ಥನೆಯಲ್ಲಿ ಪ್ರತಿ ವರ್ಷ ಕೇಳಿದ ಮಾತು. ಸಾಲ ತೀರಿತು, ಬಯಕೆ ತೀರಿತು, ಜೀವ ತೀರಿಕೊಂಡಿತು, ಎಲ್ಲವೂ ಆ ಒಂದು ಪದದಲ್ಲಿದೆ. ಇಡೀ ಸಿನಿಮಾದಲ್ಲಿ ಯೋಧ ದೇವರು ಮಾತಾಡಲಿ ಅಂತ ಗೋಗರೆಯುತ್ತಾನೆ. ಕೊನೆಗೆ ಆ ಮಾತು ಬರುವುದು ಯಾರೂ ಲೆಕ್ಕಕ್ಕೆ ಇಟ್ಟಿರದ ಹುಡುಗಿಯ ಬಾಯಲ್ಲಿ.

ತುಂಗಾತೀರ

ತೀರಿತು! ಅಪ್ಪನಿಗೆ ಈಗಲೇ ಹೇಳಿದೆ. ಅವರು ಆ ಪದವನ್ನು ನಾಲ್ಕು ಸಲ ಹೇಳಿಕೊಂಡರು.

ಚೌಕಾಬಾರಾ

ಅದೆಲ್ಲ ಸರಿ, ಒಂದು ಡೌಟು. ಕೊನೆಯಲ್ಲಿ ಗುಡ್ಡದ ಮೇಲೆ ಸಾವು ಎಲ್ಲರನ್ನೂ ಕೈಹಿಡಿದು ಕುಣಿಸಿಕೊಂಡು ಹೋಗುತ್ತದಲ್ಲ, ಅದರಲ್ಲಿ ಈ ಹುಡುಗಿ ಇಲ್ಲ. ಅದನ್ನು ನೋಡುವ ಅಲೆಮಾರಿ ಕಲಾವಿದ ಯೋಫ್ ಅವರ ಹೆಸರು ಹೇಳುವಾಗ ಕಮ್ಮಾರ, ಲೀಸಾ, ಯೋಧ, ರಾವಲ್, ಯೋನ್ಸ್, ಸ್ಕಾಟ್ ಅಂತಾನೆ. ಹುಡುಗಿ ಎಲ್ಲಿ ಹೋದಳು?

ಖಾರಾಬಾತ್

ಶೂಟಿಂಗ್ ದಿನ ಇದ್ದಿರಲಿಕ್ಕಿಲ್ಲ, ಅಷ್ಟೇ. ಆ ಶಾಟ್ ಹೋವ್ಸ್ ಹಲ್ಲಾರ್ ಅನ್ನುವ ಕಡಲತೀರದಲ್ಲಿ ಅವಸರದಲ್ಲಿ ತೆಗೆದದ್ದು. ಮೋಡ ಚೆನ್ನಾಗಿ ಕಟ್ಟಿತು ಅಂತ ಬರ್ಗ್‌ಮನ್ ತಕ್ಷಣ ಕ್ಯಾಮೆರಾ ಇಡಿಸಿದರು. ನಟರು ಆಗಲೇ ಹೊರಟು ಹೋಗಿದ್ದರಿಂದ ಕೆಲಸದವರಿಗೂ ಅಲ್ಲಿ ಬಂದಿದ್ದ ಪ್ರವಾಸಿಗರಿಗೂ ವೇಷ ಹಾಕಿಸಿ ಕುಣಿಸಿದರು. ಇದು ಅವರೇ ಹೇಳಿಕೊಂಡ ಕಥೆ. ಅಲ್ಲಿ ಅರ್ಥ ಹುಡುಕಿ ಏನು ಪ್ರಯೋಜನ?

ನೇತ್ರಾವತಿ

ವೇಷ ಹಾಕಿ ಯಾರನ್ನು ಬೇಕಾದರೂ ಕುಣಿಸಬಹುದಿತ್ತು ಅಂದಮೇಲೆ ಹುಡುಗಿಯ ವೇಷವನ್ನೂ ಹಾಕಬಹುದಿತ್ತಲ್ಲ? ಯೋಫನ ಮಾತಿನಲ್ಲೂ ಅವಳ ಹೆಸರಿಲ್ಲ. ಯೋಧನ ಹೆಂಡತಿಯ ಹೆಸರೂ ಇಲ್ಲ. ನನಗೆ ಅನ್ನಿಸುವುದು ಇಷ್ಟು: ಸಾವನ್ನು ಒಪ್ಪಿಕೊಂಡು ಮಂಡಿಯೂರಿದವಳನ್ನು ಎಳೆದುಕೊಂಡು ಹೋಗುವ ಅಗತ್ಯ ಇಲ್ಲ.

ಚೌಕಾಬಾರಾ

ನಾನು ನೇತ್ರಾವತಿ ಅವರ ಕಡೆ.

ಖಾರಾಬಾತ್

ನಾನು ಮೋಡದ ಕಡೆ. ಆದರೆ ಯೋಫನ ಮಾತಿನಲ್ಲಿ ಇಲ್ಲ ಅನ್ನುವುದು ನನಗೆ ಹೊಳೆದಿರಲಿಲ್ಲ. ಅದಕ್ಕೆ ನನ್ನ ಹತ್ತಿರ ಉತ್ತರ ಇಲ್ಲ.

ಕಾಫಿಪುಡಿ

ಇವರು ಇಂಗ್ರಿಡ್ ಬರ್ಗ್‌ಮನ್ ತಂಡದವರಾ? ಇಂಗ್ಮಾರ್ ಅವರ ತಂಗಿ ತಾನೇ ಇಂಗ್ರಿಡ್?

ಹಳೇರೀಲು

ಇಲ್ಲ, ಸಂಬಂಧ ಇಲ್ಲ. ಹೆಸರು ಮಾತ್ರ ಒಂದೇ. ಇಬ್ಬರೂ ಸೇರಿ ಮಾಡಿದ್ದು 1978ರ 'ಆಟಮ್ ಸೊನಾಟಾ' ಒಂದೇ ಸಿನಿಮಾ. ಹಾಗೆಯೇ ಬೀಬಿ ಆಂಡರ್ಸನ್, ಹ್ಯಾರಿಯೆಟ್ ಆಂಡರ್ಸನ್ ಅಕ್ಕತಂಗಿಯರಲ್ಲ. ಲಿವ್ ಉಲ್‌ಮನ್ ಸ್ವೀಡನ್ನಿನವರಲ್ಲ, ನಾರ್ವೆಯವರು. ಈ ಮೂರು ತಪ್ಪು ಎಲ್ಲ ಕಡೆ ಬರುತ್ತವೆ, ಒಟ್ಟಿಗೇ ಹೇಳಿಬಿಟ್ಟೆ.

ಮಲೆನಾಡ ಮಳೆ

ಯಾರೂ 'ವರ್ಜಿನ್ ಸ್ಪ್ರಿಂಗ್' ಬಗ್ಗೆ ಸರಿಯಾಗಿ ಬರೆದಿಲ್ಲ. 1960ರದ್ದು, ಆಸ್ಕರ್ ಕೂಡ ಬಂತು. ನನ್ನ ಪ್ರಕಾರ ಗುನ್ನೆಲ್ ಅವರ ದೊಡ್ಡ ಕೆಲಸ ಅದೇ.

ಸಿನಿಮಾ ಶುರುವಾಗುವುದೇ ಇವರ ಮುಖದಿಂದ. ಬೆಳಗಿನ ಜಾವ, ಕತ್ತಲ ಅಡುಗೆಮನೆ. ಇಂಗೇರಿ ಅನ್ನುವ ಕೆಲಸದ ಹುಡುಗಿ ಬೂದಿ ಮುಚ್ಚಿದ ಕೆಂಡಕ್ಕೆ ಬಾಯಿಂದ ಊದುತ್ತಾಳೆ. ಕೆಂಡ ಕೆಂಪಾಗಿ ಉರಿ ಹತ್ತಿದಾಗ ಅವಳ ಮುಖ ಕಾಣುತ್ತದೆ. ನನ್ನ ಅಜ್ಜಿ ಬಚ್ಚಲ ಒಲೆಗೆ ಊದುಗೊಳವೆ ಹಿಡಿದು ಊದುವಾಗ ಕೆನ್ನೆ ಉಬ್ಬಿ, ಕಣ್ಣು ಕಿರಿದಾಗಿ, ಹೊಗೆಗೆ ಮುಖ ಸ್ವಲ್ಪ ತಿರುಗಿಸುತ್ತಿದ್ದಳು. ಅದೇ ಭಂಗಿ. ಆಮೇಲೆ ಇಂಗೇರಿ ಎದ್ದು ಒಂದು ಕೋಲಿನಿಂದ ಸೂರಿನ ಹೊಗೆಗಂಡಿ ತೆಗೆಯುತ್ತಾಳೆ. ಬೆಳಕು ಮೇಲಿನಿಂದ ಬೀಳುತ್ತದೆ. ಕಂಬ ಹಿಡಿದುಕೊಂಡು ಹಳೇ ದೇವರು ಓದಿನನನ್ನು ಬಾ ಅಂತ ಕರೆಯುತ್ತಾಳೆ. ಮನೆಯವರೆಲ್ಲ ಶಿಲುಬೆಯ ಮುಂದೆ ಪ್ರಾರ್ಥನೆ ಮಾಡುವ ಕ್ರೈಸ್ತರು. ಇವಳೊಬ್ಬಳು ಹಳೇ ದೇವರನ್ನು ಕರೆಯುವವಳು. ಮದುವೆ ಇಲ್ಲದೆ ಬಸುರಿ. ಮನೆಮಗಳು ಕರೀನ್ ರೇಷ್ಮೆ ಬಟ್ಟೆ ಹಾಕಿಕೊಂಡು ಚರ್ಚಿಗೆ ಮೇಣದಬತ್ತಿ ಕೊಡಲು ಹೊರಡುತ್ತಾಳೆ. ಇಂಗೇರಿ ಅವಳ ಬುತ್ತಿಯ ರೊಟ್ಟಿಯೊಳಗೆ ಒಂದು ಕಪ್ಪೆ ಇಡುತ್ತಾಳೆ.

ಆ ಹೊಟ್ಟೆಕಿಚ್ಚು ನೋಡಿ ಮೊದಲ ಸಲ ನನಗೆ ಅವಳ ಮೇಲೆ ಸಿಟ್ಟು ಬಂತು. ಎರಡನೇ ಸಲ ನೋಡಿದಾಗ ಬೆಳಗ್ಗೆ ಎಲ್ಲರಿಗಿಂತ ಮೊದಲು ಎದ್ದು ಬೆಂಕಿ ಹಚ್ಚುವವಳು ಅವಳು, ಎಲ್ಲರ ಬೈಗುಳ ತಿನ್ನುವವಳೂ ಅವಳು ಅನ್ನುವುದು ಕಂಡಿತು. ಕರೀನಳಿಗೆ ಆಗಬಾರದ್ದು ಆಗುವಾಗ ಮರದ ಮರೆಯಲ್ಲಿ ಕಲ್ಲು ಹಿಡಿದು ನಿಂತು ನೋಡುತ್ತಾಳೆ. ಕಲ್ಲು ಕೈಯಿಂದ ಜಾರುತ್ತದೆ. ಕೊನೆಗೆ ಕರೀನ್ ಸತ್ತ ಜಾಗದಲ್ಲಿ ಬುಗ್ಗೆ ಉಕ್ಕಿದಾಗ ಆ ನೀರಿನಲ್ಲಿ ಮುಖ ತೊಳೆಯುವವಳೂ ಅವಳೇ.

ಕಥೆ ಕರೀನಳದ್ದು. ಆದರೆ ಬೆಂಕಿಯಿಂದ ನೀರಿನವರೆಗೆ ನಡೆಯುವುದು ಇಂಗೇರಿ.

ಖಾರಾಬಾತ್

ಇದನ್ನು ಒಪ್ಪುತ್ತೇನೆ. ಈ ಸಿನಿಮಾದಲ್ಲಿ ನಟನೆ ಇದೆ. ಕಲ್ಲು ಜಾರುವ ಸೀನ್ ನನಗೂ ನೆನಪಿದೆ.

ಮಲ್ಲಿಗೆಹಂಬು

ಕಪ್ಪೆ ಸೀನ್‌ನಲ್ಲಿ ನಾನು ಕಿರುಚಿದ್ದೆ. ಪಕ್ಕದ ಮನೆಯ ಆಂಟಿ ಬಂದು ಬಾಗಿಲು ತಟ್ಟಿದರು.

ರಾತ್ರಿಪಾಳಿ

ನಾನು 'ವಿಂಟರ್ ಲೈಟ್'ಗೆ ವೋಟು ಹಾಕುತ್ತೇನೆ. ಚೀನಾ ಅಣುಬಾಂಬಿನ ಭಯದಲ್ಲಿ ಮಾತೇ ಬಿಟ್ಟ ಮೀನುಗಾರ ಯೋನಾಸ್, ಅವನ ಹೆಂಡತಿ ಕರೀನ್ ಆಗಿ ಗುನ್ನೆಲ್. ಇಲ್ಲಿ ತಿರುಗುಮುರುಗು ಗಮನಿಸಿ. ಗಂಡ ಮಾತಾಡುವುದಿಲ್ಲ, ಪಾದ್ರಿಯ ಮುಂದೆ ಅವನ ಪರವಾಗಿ ಇವಳೇ ಮಾತಾಡಬೇಕು. ಬಸುರಿ ಬೇರೆ. ಎರಡೇ ಜಾಗದಲ್ಲಿ ಬರುತ್ತಾಳೆ. ಎರಡನೇ ಸಲ ಪಾದ್ರಿ ಮನೆಗೆ ಬಂದು ಗಂಡ ಗುಂಡು ಹೊಡೆದುಕೊಂಡ ಅಂತ ಹೇಳುತ್ತಾನೆ. ಅವಳು ಕಿರುಚುವುದಿಲ್ಲ. ಕೂತು, ಹಾಗಾದರೆ ಇನ್ನು ನಾನೊಬ್ಬಳೇ ಅನ್ನುವ ಅರ್ಥದ ಒಂದು ಮಾತು. ಆಮೇಲೆ ಎದ್ದು ಮಕ್ಕಳಿಗೆ ಹೇಳಲು ಒಳಗೆ ಹೋಗುತ್ತಾಳೆ.

ನಮ್ಮ ಮನೆಯಲ್ಲಿ ಚಿಕ್ಕಪ್ಪ ತೀರಿಕೊಂಡ ಸುದ್ದಿ ಫೋನಿನಲ್ಲಿ ಬಂದಾಗ ಚಿಕ್ಕಮ್ಮ ಹಾಗೇ ಮಾಡಿದ್ದರು. ಫೋನ್ ಇಟ್ಟು, ಒಲೆ ಮೇಲಿದ್ದ ಹಾಲು ಇಳಿಸಿ, ಆಮೇಲೆ ಮಕ್ಕಳನ್ನು ಕರೆದರು. ಆ ಸೀನ್ ನೋಡಿ ಅಂದು ರಾತ್ರಿ ನಿದ್ದೆ ಬರಲಿಲ್ಲ.

ಬಣ್ಣದಮನೆ

ಹಾಲು ಇಳಿಸಿದ್ದು... ಹೌದು. ಹಾಗೇ ಆಗುವುದು.

ಹಳೇರೀಲು

ಅದೇ 1963ರಲ್ಲಿ 'ದಿ ಸೈಲೆನ್ಸ್' ಕೂಡ ಬಂತು. ಅದರಲ್ಲಿ ಇವರು ಪೋಷಕ ನಟಿ ಅಲ್ಲವೇ ಅಲ್ಲ. ಭಾಷೆ ಗೊತ್ತಿಲ್ಲದ ಊರಿನ ಹೋಟೆಲಿನಲ್ಲಿ ಇಬ್ಬರು ಅಕ್ಕತಂಗಿಯರು, ಒಬ್ಬ ಸಣ್ಣ ಹುಡುಗ. ಅಕ್ಕ ಎಸ್ತರ್ ಆಗಿ ಇಂಗ್ರಿಡ್ ಥುಲಿನ್, ತಂಗಿ ಆನಾ ಆಗಿ ಗುನ್ನೆಲ್. ಆ ಸಿನಿಮಾದ ದೃಶ್ಯಗಳ ಬಗ್ಗೆ ಸ್ವೀಡನ್ನಿನಲ್ಲಿ ದೊಡ್ಡ ಗಲಾಟೆ ನಡೆಯಿತು. ಆದರೂ ಅಲ್ಲಿನ ಸೆನ್ಸಾರ್ ಕತ್ತರಿ ಹಾಕದೆ ಬಿಟ್ಟಿತು. ಫೆಬ್ರವರಿಯಲ್ಲಿ ಗಂಡ ಸತ್ತ ಹಳ್ಳಿ ಹೆಂಗಸು, ಸೆಪ್ಟೆಂಬರಿನಲ್ಲಿ ಸೆಖೆಯ ಊರಿನಲ್ಲಿ ಬೆವರುತ್ತಾ ಅಕ್ಕನ ಮೇಲಿನ ಹಗೆಗೆ ಬೀದಿಗಿಳಿಯುವ ಹೆಣ್ಣು. ಒಂದೇ ವರ್ಷದಲ್ಲಿ ಎರಡೂ ನೋಡಿದವರಿಗೆ ಒಬ್ಬಳೇ ನಟಿ ಅಂತ ನಂಬಿಕೆ ಬಂದಿರುತ್ತಾ?

ಕಾಫಿಪುಡಿ

ಹಾಗಾದರೆ ನಾಯಕಿ ಆದಮೇಲೂ ಮತ್ತೆ ಸಣ್ಣ ಪಾತ್ರಕ್ಕೆ ಯಾಕೆ ಬಂದರು? ಅವಕಾಶ ಕಮ್ಮಿ ಆಯ್ತಾ?

ಹಳೇರೀಲು

ಕಮ್ಮಿ ಆಗಲಿಲ್ಲ, ಬೇರೆ ಕಡೆ ಹರಡಿತು. ಇಲ್ಲೇ 'ಬರ್ಗ್‌ಮನ್ ನಟಿ' ಅನ್ನುವ ಚೀಟಿ ಅಂಟಿಸುವುದು ತಪ್ಪಾಗುತ್ತದೆ. 1965ರಲ್ಲಿ ಜಾನ್ ಗಿಲರ್ಮಿನ್ ಅವರ ಇಂಗ್ಲಿಷ್ ಸಿನಿಮಾ 'ರ‍್ಯಾಪ್ಚರ್'. 1966ರಲ್ಲಿ ಕ್ನೂಟ್ ಹಾಮ್ಸುನ್ ಕಾದಂಬರಿಯಿಂದ ಮಾಡಿದ 'ಹಂಗರ್', ಅದರಲ್ಲಿ ಹಸಿದ ಲೇಖಕ ಬೀದಿಯಲ್ಲಿ ಕಂಡು ಇಲಾಯಾಲಿ ಅಂತ ತಾನೇ ಹೆಸರಿಡುವ ಹೆಂಗಸು ಇವರೇ. ಪೇರ್ ಆಸ್ಕರ್ಸನ್‌ಗೆ ಕಾನ್‌ನಲ್ಲಿ ಶ್ರೇಷ್ಠ ನಟ ಪ್ರಶಸ್ತಿ ತಂದುಕೊಟ್ಟ ಸಿನಿಮಾ ಅದು. ಆಮೇಲೆ ಮಾಯ್ ಝೆಟ್ಟರ್ಲಿಂಗ್. ಈಕೆ ನಟಿಯಾಗಿದ್ದು ನಿರ್ದೇಶಕಿಯಾದವರು. ಅವರ 1968ರ 'ದಿ ಗರ್ಲ್ಸ್'ನಲ್ಲಿ ಮೂವರು ನಟಿಯರು ಗ್ರೀಕ್ ನಾಟಕ 'ಲಿಸಿಸ್ಟ್ರಾಟಾ' ಹಿಡಿದುಕೊಂಡು ಊರೂರು ತಿರುಗುತ್ತಾರೆ. ಬೀಬಿ, ಹ್ಯಾರಿಯೆಟ್, ಗುನ್ನೆಲ್. ನಾಟಕದಲ್ಲಿ ಯುದ್ಧ ನಿಲ್ಲಿಸುವ ಹೆಂಗಸರು, ಮನೆಗೆ ಫೋನ್ ಮಾಡಿದರೆ ಗಂಡ ಮಕ್ಕಳ ರಗಳೆ.

ಬಣ್ಣದಮನೆ

ನಾಟಕದ ಟೂರಿಗೆ ಹೋಗುವಾಗ ಮನೆಯವರಿಗೆ ಮೂರು ದಿನದ ಸಾರಿನ ಪುಡಿ, ಚಟ್ನಿಪುಡಿ ಮಾಡಿಟ್ಟು ಹೋಗುತ್ತಿದ್ದೆ. ಈ ಸಿನಿಮಾ ನಾನು ನೋಡಲೇಬೇಕು.

ಮಲ್ಲಿಗೆಹಂಬು

ಟೀವಿಯಲ್ಲಿ ಏನೂ ಮಾಡಿಲ್ವಾ ಇವರು?

ರಾತ್ರಿಪಾಳಿ

ಮಾಡಿದ್ದಾರೆ. 1973ರಲ್ಲಿ ಸ್ವೀಡನ್ ಟೀವಿಯಲ್ಲಿ ಆರು ಕಂತುಗಳಲ್ಲಿ ಬಂದ 'ಸೀನ್ಸ್ ಫ್ರಮ್ ಎ ಮ್ಯಾರೇಜ್'. ಎರಡನೇ ಕಂತಿನಲ್ಲಿ ಎವಾ ಅನ್ನುವ ಸಹೋದ್ಯೋಗಿ ಇವರು. ನಾಯಕ ಯೋಹಾನ್ ಕದ್ದುಮುಚ್ಚಿ ಕವಿತೆ ಬರೆದು ಇವಳಿಗೆ ಓದಲು ಕೊಟ್ಟಿರುತ್ತಾನೆ. ಲ್ಯಾಬಿನಲ್ಲಿ ಇಬ್ಬರೇ ಇರುವಾಗ ಹೇಗಿದೆ ಅಂತ ಕೇಳುತ್ತಾನೆ. ಅವಳು ಸುಳ್ಳು ಹೇಳುವುದಿಲ್ಲ, ಸಾಧಾರಣ ಅನ್ನುತ್ತಾಳೆ. ಅಲ್ಲಿಯವರೆಗೆ ಎದೆ ಉಬ್ಬಿಸಿಕೊಂಡಿದ್ದವನು ಕುಗ್ಗಿಹೋಗುತ್ತಾನೆ. ಆ ಕೆಲವೇ ನಿಮಿಷ ಇಲ್ಲದಿದ್ದರೆ ಅವನು ಮುಂದೆ ಮನೆ ಬಿಟ್ಟು ಯಾಕೆ ಹೋದ ಅನ್ನುವುದು ನನಗೆ ಅರ್ಥವಾಗುತ್ತಿರಲಿಲ್ಲ.

ಚೌಕಾಬಾರಾ

ಆ ಸೀರಿಯಲ್ ನೋಡಿ ಸ್ವೀಡನ್ನಿನಲ್ಲಿ ಡೈವೋರ್ಸ್ ಜಾಸ್ತಿ ಆಯ್ತಂತಲ್ಲ?

ಸ್ಟಾಕ್‌ಹೋಮಿನಿಂದ

ಹಾಗೆ ಎಲ್ಲರೂ ಹೇಳುತ್ತಾರೆ. ಆದರೆ 1974ರ ಜನವರಿಯಲ್ಲೇ ಇಲ್ಲಿ ಹೊಸ ಕಾನೂನು ಬಂತು. ಯಾರ ತಪ್ಪು ಅಂತ ತೋರಿಸದೆ ಡೈವೋರ್ಸ್ ಪಡೆಯುವ ಹಾಗಾಯಿತು. ಅದನ್ನು ಬಿಟ್ಟು ಸೀರಿಯಲ್ ಮೇಲೆ ಹೊರಿಸಿದರೆ ನ್ಯಾಯ ಅಲ್ಲ.

ಹಳೇರೀಲು

ಈಗ ಬಹಳ ಜನರಿಗೆ ಗೊತ್ತಿಲ್ಲದ ಭಾಗ. ಗುನ್ನೆಲ್ ನಿರ್ದೇಶಕಿ ಕೂಡ. ಸ್ಟಾಕ್‌ಹೋಮಿನ ರಾಷ್ಟ್ರೀಯ ರಂಗಮಂದಿರ ದ್ರಮಾತೆನ್‌ನಲ್ಲಿ ನಾಟಕ ಮಾಡಿಸಿದರು. 1977ರಲ್ಲಿ ಮೊದಲ ಸಿನಿಮಾ 'ಪಾರಾದಿಸ್‌ತೋರ್ಯ್'. ಇಂಗ್ಲಿಷಿನಲ್ಲಿ 'ಸಮ್ಮರ್ ಪ್ಯಾರಡೈಸ್' ಅನ್ನುತ್ತಾರೆ. ಬೇಸಿಗೆ ಮನೆಯಲ್ಲಿ ಒಂದು ಕುಟುಂಬದ ಮೂರು ನಾಲ್ಕು ತಲೆಮಾರು ಸೇರುವ ಕಥೆ. ನಿರ್ಮಾಣ ಬರ್ಗ್‌ಮನ್ ಅವರ ಕಂಪನಿಯದ್ದು.

ನನಗೆ ತುಂಬ ಇಷ್ಟವಾದ ಒಂದು ವಿಷಯ ಇಲ್ಲಿದೆ. ಅದರ ಮೂಲ ಉಲ್ಲಾ ಇಸಾಕ್ಸನ್ ಕಾದಂಬರಿ. 'ವರ್ಜಿನ್ ಸ್ಪ್ರಿಂಗ್'ಗೆ ಚಿತ್ರಕಥೆ ಬರೆದಿದ್ದು ಅದೇ ಇಸಾಕ್ಸನ್. ಮುಖ್ಯ ಪಾತ್ರದಲ್ಲಿ ಬಿರ್ಗಿಟ್ಟಾ ವಾಲ್ಬೆರ್ಯ್. ಅವರು 'ವರ್ಜಿನ್ ಸ್ಪ್ರಿಂಗ್'ನಲ್ಲಿ ಮನೆಯೊಡತಿ ಮೆರೆತಾ. ಅಂದರೆ 1960ರಲ್ಲಿ ಆ ಮನೆಯ ಒಲೆ ಊದುತ್ತಿದ್ದ ಕೆಲಸದ ಹುಡುಗಿ, 17 ವರ್ಷದ ನಂತರ ಅದೇ ಮನೆಯೊಡತಿಗೆ ಎಲ್ಲಿ ನಿಲ್ಲಬೇಕು, ಯಾವಾಗ ತಿರುಗಬೇಕು ಅಂತ ಹೇಳಿಕೊಡುತ್ತಿದ್ದಾಳೆ.

ಮಲೆನಾಡ ಮಳೆ

ಅಬ್ಬಾ! ಇದನ್ನು ಓದಿ ಎದ್ದು ನಿಂತೆ.

ಹಳೇರೀಲು

ಆಮೇಲೆ 1981ರಲ್ಲಿ 'ಸಾಲಿ ಅಂಡ್ ಫ್ರೀಡಂ'. ನಾಯಕಿ ಏವಾ ಫ್ರೋಲಿಂಗ್. ಮರುವರ್ಷ ಬರ್ಗ್‌ಮನ್ ಅವರ 'ಫ್ಯಾನಿ ಅಂಡ್ ಅಲೆಕ್ಸಾಂಡರ್'ನಲ್ಲಿ ತಾಯಿ ಎಮಿಲಿ ಆದವರು ಈ ಏವಾನೇ. 1987ರಲ್ಲಿ ಗುನ್ನೆಲ್ ಇನ್ನೊಂದು ಸಿನಿಮಾ ಮಾಡಿದರು, ಆಗ್ನೆತಾ ಪ್ಲೇಯೆಲ್ ನಾಟಕದಿಂದ.

ಖಾರಾಬಾತ್

ಆದರೂ ಬರ್ಗ್‌ಮನ್ ಕಂಪನಿಯ ದುಡ್ಡು, ಬರ್ಗ್‌ಮನ್ ಬಳಗದ ಲೇಖಕಿ, ಬರ್ಗ್‌ಮನ್ ತಂಡದ ನಟಿ. ನೆರಳು ದಾಟಿದರು ಅಂತ ಹೇಗೆ ಹೇಳುತ್ತೀರಿ?

ಬಣ್ಣದಮನೆ

ನೆರಳು ಅನ್ನುವುದೇ ತಪ್ಪು ಸರ್. ಒಂದು ತಂಡ ಅಂದರೆ ಹಾಗೇ ಇರುವುದು. ಹತ್ತು ವರ್ಷ ಒಟ್ಟಿಗೆ ಅನ್ನ ತಿಂದವರು ಒಬ್ಬರ ನಾಟಕದಲ್ಲಿ ಒಬ್ಬರು ಇರುತ್ತಾರೆ. ಬರ್ಗ್‌ಮನ್ ಸಿನಿಮಾಗಳಲ್ಲಿ ಈ ನಟಿಯರ ಮುಖ ತೆಗೆದುಹಾಕಿ ನೋಡಿ, ಏನು ಉಳಿಯುತ್ತದೆ? ನಮ್ಮ ಪ್ರೇಮಾ ಕಾರಂತರು ಎಷ್ಟು ವರ್ಷ ರಂಗದ ಹಿಂದೆ ವಸ್ತ್ರವಿನ್ಯಾಸ ಮಾಡಿದರು. 1983ರಲ್ಲಿ 'ಫಣಿಯಮ್ಮ' ಮಾಡಿದಾಗ ಅವರನ್ನು ಯಾರ ನೆರಳು ಅಂತ ಕರೆಯುತ್ತೀರಿ?

ಕಾಫಿಪುಡಿ

ಪಂಡರಿಬಾಯಿ ಅವರನ್ನೂ ನೆನೆಯಿರಿ. 'ಬೇಡರ ಕಣ್ಣಪ್ಪ'ದಲ್ಲಿ ನಾಯಕಿ, ಆಮೇಲೆ ಎಷ್ಟು ಸಿನಿಮಾದಲ್ಲಿ ಅಮ್ಮ. ನಮ್ಮಮ್ಮ ಅವರನ್ನು ಪರದೆ ಮೇಲೆ ನೋಡಿದರೆ ಸೆರಗಲ್ಲಿ ಕಣ್ಣು ಒರೆಸಿಕೊಳ್ಳುತ್ತಿದ್ದರು.

ಚೌಕಾಬಾರಾ

ಈಗಿನ ಸಿನಿಮಾಗಳಲ್ಲಿ ಅಮ್ಮನ ಪಾತ್ರ ಅಂದರೆ ಹೀರೋಗೆ ಊಟ ಬಡಿಸುವುದು ಅಷ್ಟೇ ಆಗಿಬಿಟ್ಟಿದೆ.

ವೇದಿಕೆ ನಿರ್ವಾಹಕ

ಗೆಳೆಯರೇ, ಕನ್ನಡ ಪೋಷಕ ನಟಿಯರ ಬಗ್ಗೆ ಬೇರೆ ಚರ್ಚೆ ತೆರೆಯಿರಿ, ನಾನೂ ಬರುತ್ತೇನೆ. ಇಲ್ಲಿ ಲಿಂಡ್‌ಬ್ಲುಮ್ ಬಗ್ಗೆ ಮುಂದುವರಿಸೋಣ.

ನೇತ್ರಾವತಿ

ಹೊರಡುವ ಮುಂಚೆ ಒಂದೇ ಮಾತು. ಇಂಗ್ಲಿಷಿನಲ್ಲಿ ಆಧಾರ ಕೊಡುವ ನಟಿ ಅಂತಾರೆ. ಕನ್ನಡದಲ್ಲಿ ಪೋಷಕ ಅಂದಿದ್ದೇವೆ. ಪೋಷಿಸುವುದು ಅಂದರೆ ಸಾಕುವುದು. ಈ ಪದ ಇಟ್ಟವರ ಬಗ್ಗೆ ನನಗೆ ಗೌರವ ಇದೆ.

ಆಟೋಮೀಟರ್

ತಡವಾಗಿ ಬಂದೆ. ಇವರು 2009ರ ಸ್ವೀಡಿಷ್ 'ದಿ ಗರ್ಲ್ ವಿತ್ ದ ಡ್ರ್ಯಾಗನ್ ಟ್ಯಾಟೂ'ದಲ್ಲಿ ಇದ್ದಾರಲ್ವಾ? ಕಾಣೆಯಾದ ಹ್ಯಾರಿಯೆಟ್‌ಳ ತಾಯಿ, ಇಸಬೆಲ್ಲಾ ವಾಂಗೆರ್. ನಾನು ಆ ಸಿನಿಮಾ ಮೂರು ಸಲ ನೋಡಿದ್ದೇನೆ. ಈ ಚರ್ಚೆ ಓದಿ ಹೆಸರು ಹುಡುಕಿದಾಗ ಬೆಚ್ಚಿಬಿದ್ದೆ. ಮತ್ತೆ ಹಾಕಿ ನೋಡಿದೆ. ವಯಸ್ಸು 77. ಕಣ್ಣು ಮಾತ್ರ ಅದೇ.

ಹಳೇರೀಲು

ಹೌದು, ಅವರೇ. ಇವತ್ತಿನ ಹುಡುಗರು ಅವರನ್ನು ನೋಡಿರುವುದು ಹೆಚ್ಚಾಗಿ ಆ ಸಿನಿಮಾದಲ್ಲೇ.

ಸ್ಟಾಕ್‌ಹೋಮಿನಿಂದ

ದ್ರಮಾತೆನ್ ಬಗ್ಗೆ ನಾನೂ ಸೇರಿಸುತ್ತೇನೆ. ಕಡಲ ಹತ್ತಿರ ನೀಬ್ರೂಪ್ಲಾನ್ ಅನ್ನುವ ಚೌಕದಲ್ಲಿದೆ. 1908ರಲ್ಲಿ ತೆರೆದ ಬಿಳಿ ಅಮೃತಶಿಲೆಯ ಕಟ್ಟಡ, ಮುಂದೆ ಚಿನ್ನದ ಬಣ್ಣದ ಕೆತ್ತನೆ. ಚಳಿಗಾಲದಲ್ಲಿ ಮಧ್ಯಾಹ್ನ ಮೂರಕ್ಕೇ ಕತ್ತಲಾಗುತ್ತದೆ. ಆಗ ಅದರ ದೀಪ ನೋಡಿದರೆ ಬಸ್ಸಿಗೆ ಕಾಯುವವರಿಗೂ ಸ್ವಲ್ಪ ಬೆಚ್ಚಗಾಗುತ್ತದೆ.

ನಮ್ಮ ಕೆಳಗಿನ ಮನೆಯಲ್ಲಿ ಒಬ್ಬರು ಅಜ್ಜಿ ಇದ್ದಾರೆ. ಅವರು 2000ದಲ್ಲಿ ಅಲ್ಲಿ ಸ್ಟ್ರಿಂಡ್‌ಬೆರ್ಯ್ ಅವರ 'ಗೋಸ್ಟ್ ಸೊನಾಟಾ' ನೋಡಿದ್ದರಂತೆ. ನಿರ್ದೇಶನ ಬರ್ಗ್‌ಮನ್. ಅದರಲ್ಲಿ ಎಷ್ಟೋ ವರ್ಷದಿಂದ ಬೀರುವಿನೊಳಗೆ ಕೂತು ಗಿಣಿಯ ಹಾಗೆ ಮಾತಾಡುವ ಮುದುಕಿ ಇದ್ದಾಳೆ, ಅವಳನ್ನು 'ಮಮ್ಮಿ' ಅನ್ನುತ್ತಾರೆ. ಆ ಪಾತ್ರ ಗುನ್ನೆಲ್ ಅವರದ್ದು. ಗಿಣಿಮಾತು ಆಡುತ್ತಿದ್ದವಳು ಇದ್ದಕ್ಕಿದ್ದಂತೆ ನೆಟ್ಟಗೆ ನಿಂತು, ಎಲ್ಲರ ಗುಟ್ಟು ಬಯಲು ಮಾಡುತ್ತಿದ್ದ ಮುದುಕನನ್ನು ಅಡಗಿಸುತ್ತಾಳೆ. ಅಜ್ಜಿ ಅದನ್ನು ಹೇಳುವಾಗ ಅಡುಗೆಮನೆಯಲ್ಲಿ ಎದ್ದು ನಿಂತು ಬೆನ್ನು ನೇರ ಮಾಡಿ ತೋರಿಸಿದರು. ಕೈಯಲ್ಲಿ ಕಾಫಿ ಲೋಟ ಹಾಗೇ ಇತ್ತು.

ಗುನ್ನೆಲ್ ತೀರಿಕೊಂಡದ್ದು 2021ರ ಜನವರಿಯಲ್ಲಿ. 89 ವರ್ಷ.

ಖಾರಾಬಾತ್

ಮಾತಿಲ್ಲದ ಹುಡುಗಿಯಿಂದ ಶುರುವಾಗಿ ಬೀರುವಿನಿಂದ ಹೊರಬಂದು ಮಾತಾಡುವ ಮುದುಕಿಯವರೆಗೆ. ಸರಿ, ನಿನ್ನೆ ರಾತ್ರಿ ಕೂತು 'ಸೆವೆಂತ್ ಸೀಲ್' ಮತ್ತೆ ನೋಡಿದೆ. ಬಣ್ಣದಮನೆ ಮೇಡಂ ಹೇಳಿದ ನೀರಿನ ಸೀನ್ ನಿಲ್ಲಿಸಿ ನಿಲ್ಲಿಸಿ ನೋಡಿದೆ. ನೀವು ಹೇಳಿದ್ದು ನಿಜ. ಅವಳ ಮೈ ಮೊದಲೇ ಹೊರಟಿರುತ್ತದೆ. ಯಾರಿದ್ದರೂ ಹಾಗೇ ಕಾಣುತ್ತಿದ್ದರು ಅಂದ ಮಾತು ವಾಪಸ್ ತಗೊಳ್ಳುತ್ತೇನೆ. ಮೋಡದ ವಿಷಯ ಮಾತ್ರ ಬಿಡುವುದಿಲ್ಲ.

ಬಣ್ಣದಮನೆ

ಇಷ್ಟು ತಾಳ್ಮೆಯಿಂದ ಮತ್ತೆ ನೋಡಿದ್ದಕ್ಕೆ ಥ್ಯಾಂಕ್ಸ್ ಸರ್. ಮೋಡ ನಿಮಗೇ ಇರಲಿ.

ಮಲ್ಲಿಗೆಹಂಬು

'ಪಾರಾದಿಸ್‌ತೋರ್ಯ್' ಇಂಗ್ಲಿಷ್ ಸಬ್‌ಟೈಟಲ್ ಜೊತೆ ಎಲ್ಲಿ ಸಿಗುತ್ತೆ? ಗೊತ್ತಿದ್ದವರು ದಯವಿಟ್ಟು ಹೇಳಿ. ನಾವು ಐದಾರು ಜನ ಸೇರಿ ನೋಡಬೇಕು ಅಂತಿದ್ದೇವೆ.

ತುಂಗಾತೀರ

ನನಗೂ ಬೇಕು, ನನ್ನ ಹೆಸರೂ ಸೇರಿಸಿಕೊಳ್ಳಿ.

ಎಲ್ಲರಿಗೂ ತುಂಬ ಥ್ಯಾಂಕ್ಸ್. ಅಪ್ಪನಿಗೆ ಕಣ್ಣಿನ ಆಪರೇಷನ್ ಆಗಿರುವುದರಿಂದ ಈ ಚರ್ಚೆ ಪೂರ್ತಿ ನಾನೇ ಓದಿ ಹೇಳಿದೆ. ಇವತ್ತು 'ವರ್ಜಿನ್ ಸ್ಪ್ರಿಂಗ್' ಹಾಕಿದ್ದೆವು. ಕೆಂಡ ಊದುವ ಸೀನ್ ಬಂದ ಕೂಡಲೇ ಅಪ್ಪ 'ನಿಲ್ಸು' ಅಂದರು. ಹತ್ತಿರ ಹೋಗಿ ಟೀವಿ ಮುಂದೆ ನಿಂತು ಆ ಮುಖ ನೋಡಿದರು. 'ಇವಳೇ ಅಲ್ವಾ?' ಅಂದರು. ಹೌದಪ್ಪ ಅಂದೆ. ವಾಪಸ್ ಬಂದು ಕೂತರು. ಈ ಸಲ ಕರೆಂಟ್ ಹೋಗಲಿಲ್ಲ. ಮುಂದಿನ ಭಾನುವಾರ 'ವಿಂಟರ್ ಲೈಟ್'.